ತಿಂಗಳಿಗೆ ಇಪ್ಪತ್ತೊಂದೂವರೆ ರೂಪಾಯಿ

ಮನೆ ಸಾಲ ಕೇಳಲು ಬರುವವರು ಮೊದಲು ಕೇಳುವುದು, ತಿಂಗಳಿಗೆ ಎಷ್ಟು ಕಟ್ಟಬೇಕು ಎಂದು. ನಾನು ಕೆಲಸಕ್ಕೆ ಸೇರಿದ ಐವತ್ತರ ದಶಕದಲ್ಲೂ ಅದನ್ನೇ ಕೇಳುತ್ತಿದ್ದರು, ಈಗಲೂ ಅದನ್ನೇ ಕೇಳುತ್ತಾರಂತೆ. ಹೀಗೆಂದು ಹೇಳಿದವಳು ನನ್ನ ತಮ್ಮನ ಮಗಳು ಸುಧಾ. ಈಚೆಗೆ ಬ್ಯಾಂಕೊಂದರ ಗೃಹಸಾಲ ವಿಭಾಗಕ್ಕೆ ಸೇರಿದ್ದಾಳೆ. ಇಪ್ಪತ್ತು ವರ್ಷದ ಕಂತುಗಳ ಪಟ್ಟಿಯನ್ನು ಅವಳ ಕಂಪ್ಯೂಟರು ನಿಮಿಷದೊಳಗೆ ಅಚ್ಚು ಹಾಕಿ ಕೊಡುತ್ತದೆ. ಅದನ್ನು ಯಾರಾದರೂ ಓದುತ್ತಾರೇನಮ್ಮ ಎಂದು ಕೇಳಿದೆ. “ಸೈನ್ ಹಾಕ್ತಾರೆ ದೊಡ್ಡಪ್ಪ” ಎಂದಳು.

ಆ ಮಾತು ನನ್ನನ್ನು ಬಿಡಲಿಲ್ಲ. ನನ್ನ ಮುಂದೆಯೂ ನೂರಾರು ಜನ ಓದದೆ ಸೈನ್ ಹಾಕಿದ್ದಾರೆ. ಹಾಕಿಸಿಕೊಂಡವನು ನಾನು. ಸುಧಾಳಂತೆ ಹೊಸದಾಗಿ ಈ ಕೆಲಸಕ್ಕೆ ಬಂದಿರುವವರಿಗೆ ನನ್ನ ಎರಡು ದೊಡ್ಡ ತಪ್ಪುಗಳನ್ನು ಹೇಳಬೇಕು ಅನ್ನಿಸಿತು. ಬಡ್ತಿ, ವರ್ಗಾವಣೆ ಎಲ್ಲರಿಗೂ ಆಗುವಂಥದ್ದು, ಅದನ್ನು ಬರೆಯುವುದಿಲ್ಲ.

ನಮ್ಮದು ಮನೆ ಕಟ್ಟುವವರಿಗೆ ಸಾಲ ಕೊಡುವ ಒಂದು ಸಹಕಾರ ಸಂಘ. ಕಚೇರಿ ಇದ್ದುದು ಚಿಕ್ಕಬಳ್ಳಾಪುರದ ಬಜಾರಿನಲ್ಲಿ, ಒಂದು ಬೆಲ್ಲದ ಮಂಡಿಯ ಮಾಳಿಗೆಯ ಮೇಲೆ. ಬೇಸಿಗೆಯಲ್ಲಿ ಲೆಕ್ಕದ ಪುಸ್ತಕದ ಮೇಲೆಲ್ಲ ನೊಣ. ಚಿಕ್ಕಬಳ್ಳಾಪುರ, ಶಿಡ್ಲಘಟ್ಟ, ಚಿಂತಾಮಣಿ, ಗೌರಿಬಿದನೂರು, ಈ ನಾಲ್ಕೂ ಕಡೆಯ ಸಾಲಗಳು ಅಲ್ಲಿಂದಲೇ ಹೋಗಬೇಕಿತ್ತು. ನಾನು ಮಂಚೇನಹಳ್ಳಿ ಕಡೆಯವನು. ಎಸ್ಸೆಸ್ಸೆಲ್ಸಿ ಮುಗಿಸಿ, ರಾಗಿ ಹೊಲದ ಕೆಲಸ ತಪ್ಪಿತಲ್ಲ ಎಂಬ ಸಂತೋಷದಲ್ಲಿ ಗುಮಾಸ್ತನಾಗಿ ಸೇರಿದೆ.

ಸಂಘದ ಕಾರ್ಯದರ್ಶಿ ಸೀತಾರಾಮಯ್ಯನವರು. ತೆಳ್ಳಗಿನ ಆಳು, ಮೂಗಿಗೆ ನಶ್ಯ, ಕಿವಿಯ ಮೇಲೆ ಸದಾ ಒಂದು ಸೀಸದಕಡ್ಡಿ. ಕಂತಿನ ಪಟ್ಟಿ ಮಾಡುವುದನ್ನು ಅವರೇ ನನಗೆ ಕಲಿಸಿದರು. ಇಪ್ಪತ್ತು ವರ್ಷದ ಸಾಲವೆಂದರೆ ಇನ್ನೂರ ನಲವತ್ತು ಸಾಲು. ಪ್ರತಿ ಸಾಲಿನಲ್ಲೂ ಆ ತಿಂಗಳ ಬಡ್ಡಿ ಎಷ್ಟು, ಅಸಲಿಗೆ ಎಷ್ಟು ಸೇರಿತು, ಇನ್ನು ಉಳಿದದ್ದು ಎಷ್ಟು ಎಂದು ಕೈಯಲ್ಲಿ ಲೆಕ್ಕ ಹಾಕಿ ಬರೆಯಬೇಕು. ಮೂವತ್ತನೆಯ ಸಾಲಿನಲ್ಲಿ ಒಂದು ಕಾಸು ತಪ್ಪಿದರೆ ಕೆಳಗಿನ ಇನ್ನೂರ ಹತ್ತೂ ತಪ್ಪು. ಬ್ಲೇಡಿನಿಂದ ಹೆರೆದು ಮತ್ತೆ ಬರೆಯಬೇಕು. ಪಟ್ಟಿ ಮುಗಿಸಿ ತೆಗೆದುಕೊಂಡು ಹೋದರೆ ಅವರು ಮೇಲಿನದೇನನ್ನೂ ನೋಡುತ್ತಿರಲಿಲ್ಲ. “ಕೊನೇ ಸಾಲು ಸೊನ್ನೆ ಬಂತೇನಯ್ಯ?” ಎಂದಷ್ಟೇ ಕೇಳುತ್ತಿದ್ದರು. ಸೊನ್ನೆ ಬಂದಿದ್ದರೆ ಪಟ್ಟಿ ಬೀರುವಿಗೆ ಹೋಗುತ್ತಿತ್ತು. ಸಾಲ ತೆಗೆದುಕೊಂಡವರಿಗೆ ಅದನ್ನು ತೋರಿಸುವ ಪದ್ಧತಿ ಇರಲಿಲ್ಲ. ಅವರ ಕೈಗೆ ಹೋಗುತ್ತಿದ್ದುದು ತಿಂಗಳ ಕಂತು ಬರೆದ ಒಂದು ಸಣ್ಣ ಕಾರ್ಡು ಮಾತ್ರ. ಇದೇಕೆ ಹೀಗೆ ಎಂದು ಕೇಳುವ ಬುದ್ಧಿ ನನಗೂ ಇರಲಿಲ್ಲ.

ಸೇರಿದ ಎರಡನೆಯ ವರ್ಷ ಶಿಡ್ಲಘಟ್ಟದ ಮಹಬೂಬ್ ಸಾಬರ ಸಾಲ ಮಂಜೂರಾಯಿತು. ಅವರು ರೇಷ್ಮೆ ನೂಲು ಬಿಚ್ಚುವವರು. ಮೂರು ಚರಕ ಇಟ್ಟುಕೊಂಡಿದ್ದರು. ಮೂರು ಸಾವಿರ ರೂಪಾಯಿ ಸಾಲ, ನೂರಕ್ಕೆ ವರ್ಷಕ್ಕೆ ಆರು ರೂಪಾಯಿ ಬಡ್ಡಿ, ಇಪ್ಪತ್ತು ವರ್ಷ. ತಿಂಗಳಿಗೆ ಇಪ್ಪತ್ತೊಂದು ರೂಪಾಯಿ ಎಂಟಾಣೆ. ಅಡಮಾನ ಪತ್ರ ಮಾಡಿಸಲು ನಾನು ಚಿಕ್ಕ ರೈಲಿನಲ್ಲಿ ಶಿಡ್ಲಘಟ್ಟಕ್ಕೆ ಹೋದೆ. ಸಬ್ ರಿಜಿಸ್ಟ್ರಾರ್ ಕಚೇರಿಯ ಜಗಲಿಯ ಮೇಲೆ ಪತ್ರಬರಹಗಾರ ಬರೆಯುತ್ತಿದ್ದಾಗ ಮಹಬೂಬ್ ಸಾಬರು ನನ್ನ ಪಕ್ಕ ಬಂದು ಕೂತು ಕೇಳಿದರು.

“ಸಾಮಿ, ಒಟ್ಟು ಎಷ್ಟಾಗ್ತೈತೆ ಇದು?”

ನನಗೆ ಸಂಜೆಯ ರೈಲು ಹಿಡಿಯುವ ಆತುರ. “ತಿಂಗಳಿಗೆ ಇಪ್ಪತ್ತೊಂದೂವರೆ ರೂಪಾಯಿ, ಅಷ್ಟೇ. ನೀವು ಆರಾಮಾಗಿ ಕಟ್ಕೊಂಡು ಹೋಗಿ” ಎಂದೆ. ಅವರು ತಲೆಯಾಡಿಸಿದರು. ಒಟ್ಟು ಐದು ಸಾವಿರದ ನೂರ ಅರವತ್ತು ರೂಪಾಯಿ. ಆ ಲೆಕ್ಕ ನನ್ನ ಚೀಲದಲ್ಲಿದ್ದ ಪಟ್ಟಿಯಲ್ಲೇ ಇತ್ತು. ಹಿಂದಿನ ರಾತ್ರಿ ನಾನೇ ಬರೆದದ್ದು.

ಇದಾಗಿ ಮೂರು ವರ್ಷಕ್ಕೆ ಆಣೆ ಹೋಗಿ ನಯಾಪೈಸೆ ಬಂತು. ಹದಿನಾರಾಣೆಯ ರೂಪಾಯಿ ನೂರು ಪೈಸೆಯದಾಯಿತು. ಎಲ್ಲ ಕಾರ್ಡುಗಳನ್ನೂ ಹೊಸದಾಗಿ ಬರೆಯುವ ಕೆಲಸ ನನಗೆ ಬಿತ್ತು. ಶಿಡ್ಲಘಟ್ಟದ ಕಟ್ಟು ಬರುವ ಹೊತ್ತಿಗೆ ನನ್ನ ಕಣ್ಣು ಸೋತಿತ್ತೋ ಏನೋ, ಇಪ್ಪತ್ತೊಂದು ರೂಪಾಯಿ ಎಂಟಾಣೆ ಇದ್ದಲ್ಲೆಲ್ಲ ಇಪ್ಪತ್ತೊಂದು ರೂಪಾಯಿ ಎಂಟು ಪೈಸೆ ಎಂದು ಬರೆದುಬಿಟ್ಟೆ. ಒಂದು ತಿಂಗಳು ಆ ಊರಿನಲ್ಲಿ ಆ ಕಂತಿನವರೆಲ್ಲ ನಲವತ್ತೆರಡು ಪೈಸೆ ಕಡಿಮೆ ಕಟ್ಟಿದರು. ಸೀತಾರಾಮಯ್ಯನವರು ಬೈಯಲಿಲ್ಲ. ಪ್ರತಿ ಮನೆಗೂ ನೀನೇ ಹೋಗಿ ನಲವತ್ತೆರಡು ಪೈಸೆ ಈಸಿಕೊಂಡು ರಸೀದಿ ಕೊಟ್ಟು ಬಾ ಎಂದರು.

ಎರಡು ದಿನ ಶಿಡ್ಲಘಟ್ಟದ ಬೀದಿ ಸುತ್ತಿದೆ. ಅವಮಾನವೇನೋ ಆಯಿತು, ಆದರೆ ನನ್ನ ಪುಸ್ತಕದಲ್ಲಿ ಬರೀ ನಂಬರುಗಳಾಗಿದ್ದ ಮನೆಗಳನ್ನು ಮೊದಲ ಸಲ ಒಳಗಿನಿಂದ ನೋಡಿದ್ದು ಆಗಲೇ. ಮಹಬೂಬ್ ಸಾಬರ ಮನೆಯ ಹಿಂದಿನ ತಡಿಕೆಯಡಿ ಮೂರು ಚರಕ ಓಡುತ್ತಿದ್ದವು. ಬೇಯುವ ರೇಷ್ಮೆಗೂಡಿನ ವಾಸನೆ ಬೀದಿಯ ತುದಿಯವರೆಗೆ ಬರುತ್ತಿತ್ತು. ಅವರ ಹೆಂಡತಿ ಖಾತೂನ್‌ಬಿ ಬಿಸಿನೀರಿನ ಬಾನಿಯ ಮುಂದೆ ಕೂತು ಎಳೆ ಹುಡುಕುತ್ತಿದ್ದರು. ಕೈಬೆರಳುಗಳೆಲ್ಲ ನೀರಿನಲ್ಲಿ ನೆಂದು ಬಿಳಿಚಿ ಸುಕ್ಕುಗಟ್ಟಿದ್ದವು. ನನ್ನ ತಪ್ಪನ್ನು ಹೇಳಿದಾಗ ಆಕೆ ನಕ್ಕು, ಒದ್ದೆ ಕೈಯಲ್ಲೇ ಡಬ್ಬಿಯಿಂದ ಚಿಲ್ಲರೆ ಎಣಿಸಿ ಕೊಟ್ಟರು. ಅವರು ಒಂದು ಕಂತನ್ನೂ ತಪ್ಪಿಸಿರಲಿಲ್ಲ. ಇಂಥ ಸಾಲಗಾರರು ಸಿಕ್ಕರೆ ಸಂಘಕ್ಕೆ ಏನು ಕಷ್ಟ ಎಂದುಕೊಂಡು ಬಂದೆ.

ಸಾಲ ಕೊಟ್ಟು ಏಳು ವರ್ಷ ತುಂಬಿದ ಮೇಲೆ ಒಂದು ಬೆಳಿಗ್ಗೆ ಮಹಬೂಬ್ ಸಾಬರು ಕಚೇರಿಗೆ ಬಂದರು. ಹೊಸ ಟೋಪಿ ಹಾಕಿಕೊಂಡಿದ್ದರು. ಮೇಜಿನ ಮೇಲೆ ಕರವಸ್ತ್ರದ ಗಂಟು ಬಿಚ್ಚಿ ಸಾವಿರದ ಇನ್ನೂರು ರೂಪಾಯಿ ಇಟ್ಟು, ಸಾಲ ತೀರಿಸಿಕೊಂಡು ಮನೆ ಪತ್ರ ವಾಪಸ್ಸು ಕೊಡಿ ಎಂದರು. ಅವರ ಲೆಕ್ಕ ಸರಳವಾಗಿತ್ತು. ಸಾಲ ಮೂರು ಸಾವಿರ, ಕಟ್ಟಿದ್ದು ಸಾವಿರದ ಎಂಟುನೂರಕ್ಕೂ ಮೇಲೆ. ಉಳಿದದ್ದು ಸಾವಿರದ ಇನ್ನೂರು. ಅಣ್ಣ ಪಾಲು ಕೇಳುತ್ತಿದ್ದಾನೆ, ಪಾಲಾಗುವ ಮುಂಚೆ ಮನೆ ಪತ್ರ ತಮ್ಮ ಕೈಯಲ್ಲಿದ್ದರೆ ಮಾತಿಗೆ ಒಂದು ತೂಕ ಬರುತ್ತದೆ ಎಂದು ವಿವರಿಸಿದರು.

ನಾನು ಬೀರುವಿನಿಂದ ಅವರ ಪಟ್ಟಿ ತೆಗೆದು ಎಂಬತ್ತನಾಲ್ಕನೆಯ ಸಾಲಿನ ಮೇಲೆ ಬೆರಳಿಟ್ಟೆ. ಉಳಿದ ಅಸಲು ಎರಡು ಸಾವಿರದ ಮುನ್ನೂರ ಇಪ್ಪತ್ತನಾಲ್ಕು.

ಅವರಿಗೆ ಅರ್ಥವಾಗಲಿಲ್ಲ. ನಾನು ಮೊದಲ ಸಾಲಿನಿಂದ ಓದಿ ಹೇಳಿದೆ. ಮೊದಲ ತಿಂಗಳು ಕಟ್ಟಿದ ಇಪ್ಪತ್ತೊಂದೂವರೆಯಲ್ಲಿ ಹದಿನೈದು ರೂಪಾಯಿ ಬಡ್ಡಿಗೆ ಹೋಯಿತು, ಅಸಲಿಗೆ ಸೇರಿದ್ದು ಆರೂವರೆ. ಎರಡನೆಯ ತಿಂಗಳು ಅಸಲಿಗೆ ಮೂರು ಪೈಸೆ ಹೆಚ್ಚು. ಹೀಗೆ ಬಡ್ಡಿಯ ಭಾಗ ನಿಧಾನವಾಗಿ ಇಳಿಯುತ್ತದೆ, ಅಸಲಿನ ಭಾಗ ನಿಧಾನವಾಗಿ ಏರುತ್ತದೆ. ಏಳು ವರ್ಷದಲ್ಲಿ ಕಟ್ಟಿದ ಸಾವಿರದ ಎಂಟುನೂರ ಆರರಲ್ಲಿ ಅಸಲಿಗೆ ಹೋದದ್ದು ಆರುನೂರ ಎಪ್ಪತ್ತಾರು ಮಾತ್ರ.

ಅವರು ಕೂಗಾಡಿದ್ದರೆ ನನಗೆ ಸುಲಭವಾಗುತ್ತಿತ್ತು. ಪಟ್ಟಿಯ ಮೇಲಿಂದ ಕಣ್ಣು ತೆಗೆಯದೆ ಮೆಲ್ಲಗೆ ಹೇಳಿದರು.

“ಎರಡು ಚರಕ ಮಾರಿ, ಇದ್ದಬದ್ದದ್ದೆಲ್ಲ ಸೇರ್ಸಿ ತಂದಿವ್ನಿ ಸಾಮಿ. ಅವತ್ತು ನಿಮ್ಮನ್ನ ಕೇಳ್ದೆ, ಒಟ್ಟು ಎಷ್ಟು ಅಂತ.”

ನನಗೆ ನೆನಪಿತ್ತು. ನೆನಪಿಲ್ಲ ಎನ್ನಬಹುದಿತ್ತು. ನೆನಪಿದೆ ಎಂದೆ. ಈ ಹಣವನ್ನು ಸದ್ಯಕ್ಕೆ ಕಟ್ಟಬೇಡಿ, ಎರಡು ದಿನ ಕೊಡಿ, ನಾನೇ ಬರುತ್ತೇನೆ ಎಂದು ಹೇಳಿ ಗಂಟನ್ನು ಅವರ ಕೈಯಲ್ಲೇ ವಾಪಸ್ಸು ಇಟ್ಟೆ.

ಅವರು ಮೆಟ್ಟಿಲಿಳಿದು ಹೋದ ಮೇಲೆ ಸೀತಾರಾಮಯ್ಯನವರ ಹತ್ತಿರ ಹೋಗಿ, ಸಾಲ ಕೊಡುವ ಮುಂಚೆಯೇ ನಾವು ಎಲ್ಲರಿಗೂ ಒಟ್ಟು ಮೊತ್ತ ಹೇಳಬೇಕು ಎಂದೆ. ದನಿ ಜೋರಾಗಿತ್ತೆಂದು ಕಾಣುತ್ತದೆ. ಅವರು ನಶ್ಯದ ಡಬ್ಬಿ ಮುಚ್ಚಿ, ಬಾಗಿಲು ಹಾಕು ಎಂದರು. ಆಮೇಲೆ, ಎಂಟೊಂಬತ್ತು ವರ್ಷ ಜೊತೆಯಲ್ಲಿ ಕೆಲಸ ಮಾಡಿದ್ದರೂ ನನಗೆ ಗೊತ್ತಿಲ್ಲದ ಒಂದು ವಿಷಯ ಹೇಳಿದರು.

ಅವರೂ ಮೊದಮೊದಲು ಒಟ್ಟು ಹೇಳುತ್ತಿದ್ದರಂತೆ. ಚಿಂತಾಮಣಿಯ ಒಬ್ಬ ಬಡಗಿ ಮನೆ ರಿಪೇರಿಗೆ ಒಂಬೈನೂರು ರೂಪಾಯಿ ಕೇಳಿ ಬಂದಿದ್ದ. ಕೊನೆಗೆ ಕಟ್ಟಬೇಕಾದ್ದು ಸಾವಿರದ ಐನೂರನ್ನು ದಾಟುತ್ತದೆ ಎಂದು ಕೇಳಿ ಹೆದರಿ ಎದ್ದು ಹೋದ. ನೇರ ಒಬ್ಬ ಸಾಹುಕಾರನ ಹತ್ತಿರ ಹೋದ. ಸಾಹುಕಾರ, ನನಗೆ ಬಡ್ಡಿಯೇ ಬೇಡ, ಮನೆಯನ್ನು ಭೋಗ್ಯಕ್ಕೆ ಬರೆದುಕೊಡು ಸಾಕು ಎಂದ. ಭೋಗ್ಯವೆಂದರೆ ಅಸಲು ತೀರುವವರೆಗೆ ಮನೆ ಸಾಲ ಕೊಟ್ಟವನ ವಶದಲ್ಲಿರುತ್ತದೆ. ಬಡ್ಡಿಯಿಲ್ಲ ಎಂಬ ಮಾತು ಬಡಗಿಗೆ ಸಿಹಿಯಾಗಿ ಕೇಳಿಸಿತು. ಹೆಂಡತಿ ಮಕ್ಕಳನ್ನು ಕರೆದುಕೊಂಡು ಬಾಡಿಗೆಯ ಕೋಣೆಗೆ ಹೋದ. ದುಡಿದದ್ದು ಬಾಡಿಗೆಗೇ ಸರಿಹೋಗಿ ಒಂಬೈನೂರು ಒಂದೇ ಗಂಟಾಗಿ ಎಂದೂ ಕೂಡಿಬರಲಿಲ್ಲ. ಆ ಮನೆಗೆ ಅವನು ಮತ್ತೆ ಕಾಲಿಡಲಿಲ್ಲ.

“ಅವತ್ತಿಂದ ಒಟ್ಟು ಹೇಳೋದು ಬಿಟ್ಟೆ ಕಣಯ್ಯ ಅಶ್ವತ್ಥಪ್ಪ” ಎಂದರು. “ನಿಜ ಹೇಳಿ ಒಬ್ಬನ್ನ ಮನೆ ಬಿಡಿಸಿದೆ ಅಂತ ನನಗೆ ಕೊರಗು.”

ನನ್ನ ಕೋಪ ಇಳಿದುಹೋಯಿತು. ಆದರೆ ಮಹಬೂಬ್ ಸಾಬರ ಎರಡು ಚರಕ ಹೋಗಿದ್ದವಲ್ಲ.

ಎರಡನೆಯ ದಿನ ಶಿಡ್ಲಘಟ್ಟಕ್ಕೆ ಹೋದಾಗ ತಡಿಕೆಯಡಿ ಒಂದೇ ಚರಕ ಓಡುತ್ತಿತ್ತು. ಉಳಿದ ಎರಡು ಇದ್ದ ಜಾಗದಲ್ಲಿ ಒಲೆಯ ಕಪ್ಪು ಗುರುತು ಮಾತ್ರ. ಪಟ್ಟಿಯನ್ನು ಚಾಪೆಯ ಮೇಲೆ ಹಾಸಿ ಗಂಡ ಹೆಂಡತಿ ಇಬ್ಬರಿಗೂ ಪೂರ್ತಿ ಓದಿ ಹೇಳಿದೆ. ಖಾತೂನ್‌ಬಿಗೆ ಓದು ಬರುತ್ತಿರಲಿಲ್ಲ. ಆದರೆ ಎಳೆ ಹಿಡಿಯುವಷ್ಟೇ ಗಮನವಿಟ್ಟು ಕೇಳುತ್ತಿದ್ದರು. ಕೊನೆಗೆ ಅವರು ಕೇಳಿದ ಪ್ರಶ್ನೆಯನ್ನು ಅದುವರೆಗೆ ಯಾರೂ ನನ್ನನ್ನು ಕೇಳಿರಲಿಲ್ಲ.

“ಈ ದುಡ್ಡನ್ನ ಇವತ್ತೇ ಅಸಲಿಗೆ ಹಾಕಿದ್ರೆ ನಾಳೆಯಿಂದ ಬಡ್ಡಿ ಕಮ್ಮಿ ಆಗ್ಬೇಕಲ್ವಾ? ಕಂತು ಅಷ್ಟೇ ಕಟ್ತೀವಿ. ವರ್ಷ ಕಮ್ಮಿ ಆಗ್ತೈತಾ?”

ನ್ಯಾಯವಾಗಿ ಆಗಬೇಕಿತ್ತು. ಆದರೆ ನಮ್ಮ ಸಂಘದಲ್ಲಿ ಯಾರಾದರೂ ಹೆಚ್ಚಿಗೆ ಹಣ ಕಟ್ಟಿದರೆ ಅದನ್ನು ಮುಂಗಡ ಕಂತು ಎಂದು ಬೇರೆ ಕಲಮಿನಲ್ಲಿ ಇಟ್ಟು ತಿಂಗಳು ತಿಂಗಳು ಅದರಿಂದ ಕಂತು ಕಳೆಯುತ್ತಿದ್ದೆವು. ಬಡ್ಡಿ ಒಂದು ಪೈಸೆಯೂ ಇಳಿಯುತ್ತಿರಲಿಲ್ಲ. ಇದನ್ನು ಹೇಳಲು ನನಗೆ ನಾಚಿಕೆಯಾಯಿತು. ಅಲ್ಲೇ ಕೂತು ಲೆಕ್ಕ ಹಾಕಿದೆ. ಸಾವಿರದ ಇನ್ನೂರನ್ನೂ ಅಸಲಿಗೆ ಹಾಕಿದರೆ ಉಳಿದ ಹದಿಮೂರು ವರ್ಷದ ಸಾಲ ಐದು ವರ್ಷ ಒಂದು ತಿಂಗಳಿಗೆ ಮುಗಿಯುತ್ತದೆ. ಲೆಕ್ಕ ನೋಡಿ ನನಗೇ ಆಶ್ಚರ್ಯವಾಯಿತು. ಪಟ್ಟಿ ಬರೆಯುತ್ತ ಅಷ್ಟು ವರ್ಷ ಕಳೆದಿದ್ದರೂ ಈ ಬದಿಯಿಂದ ಅದನ್ನು ನೋಡಿರಲಿಲ್ಲ.

ಖಾತೂನ್‌ಬಿ ಒಂದೇ ಚರಕ ಓಡುತ್ತಿದ್ದ ಕಡೆ ನೋಡಿದರು. ಎಲ್ಲವನ್ನೂ ಸಾಲಕ್ಕೆ ಹಾಕಿದರೆ ಒಂದು ಚರಕದ ದುಡಿಮೆಯಲ್ಲಿ ತಿಂಗಳ ಕಂತು ಹುಟ್ಟುವುದು ಕಷ್ಟ ಎಂದರು. ಐನೂರಕ್ಕೆ ಒಂದು ಚರಕವನ್ನೂ ಸ್ವಲ್ಪ ಗೂಡನ್ನೂ ತೆಗೆದುಕೊಳ್ಳೋಣ, ಏಳುನೂರನ್ನು ಅಸಲಿಗೆ ಹಾಕೋಣ ಎಂದು ಗಂಡನಿಗೆ ಉರ್ದುವಿನಲ್ಲಿ ಹೇಳಿ ಆಮೇಲೆ ನನಗೆ ಕನ್ನಡದಲ್ಲಿ ಹೇಳಿದರು. ಮತ್ತೆ ಲೆಕ್ಕ ಹಾಕಿದೆ. ನೂರ ಐವತ್ತಾರು ಕಂತಿನ ಬದಲು ತೊಂಬತ್ತೈದು. ಏಳುನೂರು ಕಟ್ಟಿದ್ದಕ್ಕೆ ಅರವತ್ತೊಂದು ಕಂತು ಹೋಯಿತು, ಅಂದರೆ ಸಾವಿರದ ಮುನ್ನೂರರ ಮೇಲೆ. ಆ ಮನೆಯಲ್ಲಿ ಅವತ್ತು ನನಗಿಂತ ಚೆನ್ನಾಗಿ ಲೆಕ್ಕ ಬಂದದ್ದು ಆಕೆಗೆ.

ನಾನು ಆಡಳಿತ ಮಂಡಳಿಗೆ ಒಂದು ಟಿಪ್ಪಣಿ ಬರೆದೆ. ಹೆಚ್ಚಿಗೆ ಕಟ್ಟಿದ ಹಣ ಕಟ್ಟಿದ ದಿನವೇ ಅಸಲಿಗೆ ಹೋಗಬೇಕು ಎಂದು. ಕಾರ್ಯದರ್ಶಿಯನ್ನು ದಾಟಿ ಗುಮಾಸ್ತ ಟಿಪ್ಪಣಿ ಬರೆಯುವಂತಿರಲಿಲ್ಲ. ಹೆದರುತ್ತಲೇ ಸೀತಾರಾಮಯ್ಯನವರ ಮೇಜಿನ ಮೇಲೆ ಇಟ್ಟೆ. ಅವರು ಅದನ್ನು ತೆಗೆದಿಟ್ಟುಕೊಂಡರು. ಸಭೆಯ ದಿನ ನನ್ನನ್ನು ಬಾಗಿಲ ಬಳಿ ಪುಸ್ತಕ ಹಿಡಿದು ನಿಲ್ಲಿಸಿದ್ದರು. ವಕೀಲರಾಗಿದ್ದ ಅಧ್ಯಕ್ಷರು ಟಿಪ್ಪಣಿ ಓದಿ, ಹೀಗೆ ಎಲ್ಲರೂ ಮುಂಚೆಯೇ ತೀರಿಸುತ್ತ ಹೋದರೆ ಸಂಘಕ್ಕೆ ಬಡ್ಡಿ ಎಲ್ಲಿಂದ ಬರಬೇಕು ಎಂದು ಕೇಳಿದರು. ಉಳಿದವರೂ ಅದು ಸರಿಯೆಂಬಂತೆ ತಲೆದೂಗಿದರು. ಇಷ್ಟಕ್ಕೇ ಮುಗಿಯಿತು ಎಂದುಕೊಂಡೆ. ಆಗ ಸೀತಾರಾಮಯ್ಯನವರು ಎದ್ದು ನಿಂತು, ಸಾಲಕ್ಕೆ ಅರ್ಜಿ ಹಾಕಿ ಕಾಯುತ್ತಿರುವವರು ನಲವತ್ತು ಜನ ಇದ್ದಾರೆ, ಅವರಿಗೆ ಕೊಡಲು ನಮ್ಮಲ್ಲಿ ಹಣವಿಲ್ಲ, ಈ ಏಳುನೂರು ಬಂದರೆ ನಾಳೆಯೇ ಅದು ಇನ್ನೊಂದು ಮನೆಗೆ ಹೋಗುತ್ತದೆ, ಬಡ್ಡಿ ಅಲ್ಲಿಂದ ಬರುತ್ತದೆ ಎಂದರು. ಅಷ್ಟೇ ಹೇಳಿ ಕೂತರು. ನಿರ್ಣಯ ಆಯಿತು.

ಮಹಬೂಬ್ ಸಾಬರ ಅಣ್ಣ ಒಂದಷ್ಟು ಕಾಲ ಗಲಾಟೆ ಮಾಡಿದರೂ, ತಮ್ಮನೊಬ್ಬನೇ ಕಟ್ಟಿ ಸಾಲ ಇಳಿಸಿದ ಲೆಕ್ಕವನ್ನು ನಾವು ಬರೆದುಕೊಟ್ಟ ಮೇಲೆ ಮನೆಯನ್ನು ತಮ್ಮನಿಗೇ ಬಿಟ್ಟು ಜಮೀನಿನಲ್ಲಿ ಹೆಚ್ಚಿಗೆ ಭಾಗ ತೆಗೆದುಕೊಂಡ. ತೊಂಬತ್ತೈದು ಕಂತನ್ನೂ ಮಹಬೂಬ್ ಸಾಬರು ಕಟ್ಟಿ ಮುಗಿಸಿದರು. ಪತ್ರ ವಾಪಸ್ಸು ಕೊಡುವಾಗ ನಾನು ಕ್ಷಮೆ ಕೇಳಿದೆ. ಆಗಲೇ ಕೇಳಿದ್ರಲ್ಲ ಸಾಮಿ, ಚಾಪೆ ಮೇಲೆ ಕೂತು ಲೆಕ್ಕ ಹೇಳಿದಾಗ ಎಂದರು.

ಈ ಘಟನೆಯ ನಂತರ ನಾನೊಂದು ಚೀಟಿ ಬರೆದುಕೊಡಲು ಶುರುಮಾಡಿದೆ. ಸಾಲ ಕೇಳಿ ಬಂದ ಪ್ರತಿಯೊಬ್ಬರಿಗೂ ಒಂದು ಹಾಳೆ. ಸಾಲ ಎಷ್ಟು, ತಿಂಗಳ ಕಂತು ಎಷ್ಟು, ಐದು, ಹತ್ತು, ಹದಿನೈದು ವರ್ಷಕ್ಕೆ ಉಳಿಯುವ ಅಸಲು ಎಷ್ಟು, ಕೊನೆಗೆ ಒಟ್ಟು ಎಷ್ಟು. ಕಾರ್ಬನ್ ಕಾಗದ ಇಟ್ಟು ಬರೆದು, ತೆಲುಗು ಮಾತ್ರ ಬರುವವರಿಗೆ ತೆಲುಗಿನಲ್ಲೇ ಓದಿ ಹೇಳುತ್ತಿದ್ದೆ. ಸೀತಾರಾಮಯ್ಯನವರು ಬೇಡವೆನ್ನಲಿಲ್ಲ, ಹೌದೂ ಎನ್ನಲಿಲ್ಲ. ನನಗೆ ಸ್ವಲ್ಪ ಹೆಮ್ಮೆಯೂ ಬಂತು. ನನ್ನ ಎರಡನೆಯ ದೊಡ್ಡ ತಪ್ಪು ಬಂದದ್ದು ಆ ಹೆಮ್ಮೆಯ ಜೊತೆಯಲ್ಲೇ.

ಚಿಂತಾಮಣಿಯ ಮಿಡ್ಲ್ ಸ್ಕೂಲಿನಲ್ಲಿ ಮುನಿವೆಂಕಟಪ್ಪ ಎಂಬ ಮೇಷ್ಟ್ರಿದ್ದರು. ಮೂವತ್ತನಾಲ್ಕು ವಯಸ್ಸು. ಅವರ ಕೇರಿಯಿಂದ ಮೊದಲು ಓದಿ ನೌಕರಿ ಹಿಡಿದವರು ಅವರೇ. ಊರಿನ ಹೊರಗೆ ಐನೂರು ರೂಪಾಯಿಗೆ ಒಂದು ನಿವೇಶನ ನೋಡಿದ್ದರು. ಅದನ್ನು ಕೊಂಡು ಮನೆ ಕಟ್ಟಲು ನಾಲ್ಕು ಸಾವಿರ ಸಾಲ ಬೇಕೆಂದು ಅರ್ಜಿ ಹಾಕಿದ್ದರು. ನಾನು ಚೀಟಿ ಬರೆದು ಅವರ ಮುಂದಿಟ್ಟೆ. ತಿಂಗಳಿಗೆ ಇಪ್ಪತ್ತೆಂಟು ರೂಪಾಯಿ ಅರವತ್ತಾರು ಪೈಸೆ. ಒಟ್ಟು ಆರು ಸಾವಿರದ ಎಂಟುನೂರ ಎಪ್ಪತ್ತೆಂಟು.

ಅವರು ಎರಡು ಸಲ ಓದಿದರು. ಹಾಳೆಯನ್ನು ನಾಲ್ಕಾಗಿ ಮಡಿಸಿ ಜೇಬಿನಲ್ಲಿಟ್ಟುಕೊಂಡು, ಅರ್ಜಿ ವಾಪಸ್ಸು ಕೊಡಿ ಎಂದರು. ನಾಲ್ಕು ಸಾವಿರಕ್ಕೆ ಏಳು ಸಾವಿರ ಕಟ್ಟುವ ಧೈರ್ಯ ನಮ್ಮಂಥವರಿಗೆ ಇಲ್ಲ ಎಂದು ನಮಸ್ಕಾರ ಮಾಡಿ ಹೋದರು. ಒಬ್ಬ ಮನುಷ್ಯ ಕಣ್ಣು ಬಿಟ್ಟು ತೀರ್ಮಾನ ಮಾಡಿದ ಎಂದು ನನಗೆ ಸಂತೋಷವಾಯಿತು. ಸೀತಾರಾಮಯ್ಯನವರಿಗೆ ಹೇಳಿದೆ. ಅವರು ಆಗ ನಿವೃತ್ತಿಯ ಅಂಚಿನಲ್ಲಿದ್ದರು.

“ಬಾಡಿಗೆ ಎಷ್ಟು ಕಟ್ತಾರಂತೆ, ಕೇಳಿದೆಯಾ?” ಎಂದರು.

ಕೇಳಿರಲಿಲ್ಲ.

ಆರು ವರ್ಷ ಕಳೆಯಿತು. ಸೀತಾರಾಮಯ್ಯನವರು ನಿವೃತ್ತರಾಗಿದ್ದರು. ಗೌರಿಬಿದನೂರಿನಲ್ಲಿ ಸಂಘದ ಸಣ್ಣ ಶಾಖೆ ತೆರೆದು ನನ್ನನ್ನು ಅಲ್ಲಿಗೆ ಹಾಕಿದ್ದರು. ಒಂದು ಸಂಜೆ ತೊಂಡೇಬಾವಿಯಲ್ಲಿ ಒಂದು ಮನೆಯ ಕೆಲಸ ನೋಡಿಕೊಂಡು ರೈಲಿನಲ್ಲಿ ವಾಪಸ್ಸು ಬರುತ್ತಿದ್ದಾಗ ಎದುರು ಸೀಟಿನಲ್ಲಿ ಮುನಿವೆಂಕಟಪ್ಪ ಮೇಷ್ಟ್ರು ಕೂತಿದ್ದರು. ಕೂದಲು ಅಷ್ಟಿಷ್ಟು ಬೆಳ್ಳಗಾಗಿತ್ತು. ಅವರೂ ವರ್ಗವಾಗಿ ಗೌರಿಬಿದನೂರಿಗೆ ಬಂದಿದ್ದರು. ಮನೆಗೆ ಬನ್ನಿ ಎಂದು ಕರೆದರು.

ಊರ ಅಂಚಿನಲ್ಲಿ ಒಂದು ಕೋಣೆ, ಒಂದು ಅಡುಗೆಮನೆ. ಅವರ ಹೆಂಡತಿ ಅಕ್ಕಯ್ಯಮ್ಮ ಬಾಗಿಲಲ್ಲಿ ನಿಂತು, ಕಾಫಿ ಕುಡೀತೀರಾ ಎಂದು ಕೇಳುವ ಮುಂಚೆ ಗಂಡನ ಮುಖ ನೋಡಿದರು. ಕುಡಿಯುತ್ತೇನೆ ಎಂದೆ. ಮೇಷ್ಟ್ರು ಪೆಟ್ಟಿಗೆಯಿಂದ ಒಂದು ಹಾಳೆ ತೆಗೆದರು. ನಾನು ಬರೆದ ಚೀಟಿಯೇ. ಅದರ ಬೆನ್ನ ಮೇಲೆ ಅವರು ಸಣ್ಣ ಅಕ್ಷರದಲ್ಲಿ ತಮ್ಮ ಲೆಕ್ಕ ಬರೆದಿಟ್ಟಿದ್ದರು. ಆರು ವರ್ಷದಲ್ಲಿ ನಾಲ್ಕು ಬಾಡಿಗೆ ಮನೆ. ಹನ್ನೆರಡು ರೂಪಾಯಿಯಿಂದ ಶುರುವಾದ ಬಾಡಿಗೆ ಇಪ್ಪತ್ತೆಂಟಕ್ಕೆ ಬಂದಿತ್ತು. ಕಟ್ಟಿದ ಬಾಡಿಗೆ ಸಾವಿರದ ನಾನೂರರ ಹತ್ತಿರ. ಅವರು ಬಿಟ್ಟ ಐನೂರರ ನಿವೇಶನ ಸಾವಿರದ ಎಂಟುನೂರಕ್ಕೆ ಮಾರಿಹೋಗಿತ್ತು.

“ನೀವು ನಿಜಾನೇ ಹೇಳಿದ್ರಿ ಸರ್” ಎಂದರು. ದನಿಯಲ್ಲಿ ಸಿಟ್ಟಿರಲಿಲ್ಲ. “ಅರ್ಧ ಹೇಳಿದ್ರಿ. ಇನ್ನರ್ಧ ಕೇಳ್ಬೇಕು ಅಂತ ನನಗೂ ಗೊತ್ತಾಗ್ಲಿಲ್ಲ.”

ಆರು ವರ್ಷದಲ್ಲಿ ನಾಲ್ಕು ಮನೆ ಯಾಕೆ ಬದಲಾಯಿಸಿದಿರಿ ಎಂದು ಕೇಳಿದೆ. ವರ್ಗವಾದದ್ದು ಒಂದೇ ಸಲವಲ್ಲವೇ ಎಂದೆ. ಹೇಳಿದವರು ಅಕ್ಕಯ್ಯಮ್ಮ. ಮನೆ ಕೊಡುವಾಗ ಮೇಷ್ಟ್ರು ಎಂದು ಕೊಡುತ್ತಾರೆ, ತಿಂಗಳೋ ವರ್ಷವೋ ಕಳೆದ ಮೇಲೆ ಯಾರೋ ಬಂದು ಹೇಳುತ್ತಾರೆ, ಆಮೇಲೆ ಮನೆಯವರು ಬಂದು ನೀವು ಯಾವ ಜನ ಎಂದು ಕೇಳುತ್ತಾರೆ, ಮಾರನೆಯ ದಿನದಿಂದ ಬಾವಿಯ ಹಗ್ಗ ಸಿಗುವುದಿಲ್ಲ ಎಂದರು. ಇಷ್ಟನ್ನು ಲೋಟ ತೊಳೆಯುತ್ತ, ನನ್ನ ಕಡೆ ನೋಡದೆ ಹೇಳಿದರು.

ನಮ್ಮ ಮನೆಯ ಹಿಂದಿನ ಎರಡು ಕೋಣೆಯನ್ನು ಬಾಡಿಗೆಗೆ ಕೊಡುವಾಗ ನಮ್ಮ ತಾಯಿ ಕೇಳುತ್ತಿದ್ದುದೂ ಅದೇ ಪ್ರಶ್ನೆ. ಪಕ್ಕದಲ್ಲಿ ಕೂತು ನಾನೂ ಕೇಳಿಸಿಕೊಂಡಿದ್ದೆ. ಆ ರಾತ್ರಿ ನನಗೆ ಅದನ್ನು ಮರೆಯಲು ಆಗಲಿಲ್ಲ. ಮನೆ ಸಾಲಕ್ಕೆ ಕೊನೆಗೆ ಎಷ್ಟು ತೆರಬೇಕು ಎಂಬುದನ್ನು ಪೈಸೆಯವರೆಗೆ ಬರೆದಿದ್ದೆ. ಸ್ವಂತ ಮನೆ ಇಲ್ಲದೆ ಇರುವುದಕ್ಕೆ ಒಬ್ಬರು ಎಷ್ಟು ತೆರುತ್ತಾರೆ ಎಂಬುದಕ್ಕೆ ನನ್ನ ಚೀಟಿಯಲ್ಲಿ ಜಾಗವೇ ಇರಲಿಲ್ಲ. ಬಾಡಿಗೆಯ ಲೆಕ್ಕವನ್ನಾದರೂ ಬರೆಯಬಹುದು, ಬಾವಿಯ ಹಗ್ಗದ್ದನ್ನು ಬರೆಯುವುದು ಹೇಗೆ ಎಂದು ನನಗೆ ಇಂದಿಗೂ ಗೊತ್ತಿಲ್ಲ. ಮಾರನೆಯ ದಿನದಿಂದ ಚೀಟಿಯ ಹಿಂಬದಿಗೂ ಗೆರೆ ಹಾಕಿದೆ. ಈಗ ಕಟ್ಟುವ ಬಾಡಿಗೆ, ಅದು ಹತ್ತು ವರ್ಷಕ್ಕೆ ಎಷ್ಟಾಗಬಹುದು, ಮನೆಯ ಕಂದಾಯ, ಸುಣ್ಣ ಬಣ್ಣ, ಹೆಂಚು ರಿಪೇರಿ, ಕೈಯಲ್ಲಿ ತುರ್ತಿಗೆ ಎಷ್ಟು ಉಳಿಯುತ್ತದೆ. ಬರೆಯುವ ಮುಂಚೆ ಪೆನ್ನು ಕೆಳಗಿಟ್ಟು, ಈಗ ಎಲ್ಲಿದ್ದೀರಿ, ಹೇಗಿದ್ದೀರಿ ಎಂದು ಕೇಳುವುದನ್ನೂ ರೂಢಿ ಮಾಡಿಕೊಂಡೆ. ಕೆಲವರಿಗೆ ಸಾಲ ಬೇಡವೆಂದೇ ಲೆಕ್ಕ ಬರುತ್ತಿತ್ತು. ನಗರಗೆರೆಯ ಒಬ್ಬರು ಮಾಳಿಗೆ ಮನೆಗೆ ಸಾಲ ಕೇಳಿ ಬಂದು, ಎರಡೂ ಬದಿ ಓದಿ, ಎರಡು ಅಂಕಣದ ಮನೆ ಸಾಕು ಎಂದು ಅರ್ಧ ಸಾಲ ತೆಗೆದುಕೊಂಡು ಹೋದರು.

ಮುನಿವೆಂಕಟಪ್ಪ ಮೇಷ್ಟ್ರು ಹೊಸ ಅರ್ಜಿ ಹಾಕಿದರು. ಆಗ ಅವರಿಗೆ ನಲವತ್ತು. ನಿವೃತ್ತಿಗೆ ಹದಿನೈದೇ ವರ್ಷ ಇದ್ದುದರಿಂದ ಸಾಲವೂ ಹದಿನೈದು ವರ್ಷಕ್ಕೇ. ಐದು ಸಾವಿರ. ತಿಂಗಳಿಗೆ ನಲವತ್ತೆರಡು ರೂಪಾಯಿ ಇಪ್ಪತ್ತು ಪೈಸೆ. ಚಿಂತಾಮಣಿಯಲ್ಲಿ ಇಪ್ಪತ್ತೆಂಟಕ್ಕೆ ಹೆದರಿದವರು ಈಗ ನಲವತ್ತೆರಡು ಕಟ್ಟಬೇಕಾಗಿತ್ತು. ನಡುವಿನ ವ್ಯತ್ಯಾಸಕ್ಕೆ ನನ್ನ ಅರ್ಧ ಚೀಟಿಯೂ ಒಂದು ಕಾರಣ. ಸಂಜೆ ಮನೆಪಾಠ ಹೇಳುತ್ತೇನೆ, ಅದರಿಂದ ಹೊಂದಿಸುತ್ತೇನೆ ಎಂದರು. ನಿವೇಶನವನ್ನು ಅಕ್ಕಯ್ಯಮ್ಮನ ಹೆಸರಿನಲ್ಲಿ ಕೊಂಡಿದ್ದರು. ಆದ್ದರಿಂದ ಅಡಮಾನ ಪತ್ರಕ್ಕೆ ಆಕೆಯೂ ಸಹಿ ಹಾಕಬೇಕಿತ್ತು.

ಗೌರಿಬಿದನೂರಿನ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಅವತ್ತು ಜನ ಹೆಚ್ಚಿತ್ತು. ಪತ್ರಬರಹಗಾರ ಹೆಬ್ಬೆಟ್ಟಿನ ಮಸಿ ಡಬ್ಬಿ ಮುಂದೆ ಸರಿಸಿದ. ಸ್ವಲ್ಪ ತಡಿ ಎಂದೆ. ಗಂಡ ಹೆಂಡತಿ ಇಬ್ಬರನ್ನೂ ಕೂರಿಸಿಕೊಂಡು ಚೀಟಿಯ ಎರಡು ಬದಿಯನ್ನೂ ಓದಿದೆ. ಹದಿನೈದು ವರ್ಷಕ್ಕೆ ಒಟ್ಟು ಏಳು ಸಾವಿರದ ಐನೂರ ತೊಂಬತ್ತಾರು ರೂಪಾಯಿ ಎಂದು ಸ್ಪಷ್ಟವಾಗಿ, ಎರಡು ಸಲ ಹೇಳಿದೆ. ಕೈಯಲ್ಲಿ ಹಣವಿದ್ದಾಗ ಹೆಚ್ಚಿಗೆ ಕಟ್ಟಿದರೆ ಅಷ್ಟು ಬೇಗ ಮುಗಿಯುತ್ತದೆ ಎಂದೂ, ಮೂರು ಕಂತು ತಪ್ಪಿದರೆ ಏನಾಗುತ್ತದೆ ಎಂದೂ ಹೇಳಿದೆ. ಏನಾದರೂ ಕೇಳುವುದಿದೆಯೇ ಎಂದೆ. ಮೇಷ್ಟ್ರು ಇಲ್ಲವೆಂದು ತಲೆಯಾಡಿಸಿದರು. ಅಕ್ಕಯ್ಯಮ್ಮ ಸೆರಗು ಸರಿಮಾಡಿಕೊಂಡು ಕೇಳಿದರು.

“ಕೊನೇ ಕಂತು ಕಟ್ಟಿದ ಮೇಲೆ ಆ ಮನೇಲಿ ನಮ್ಮನ್ನ ಯಾರೂ ಏನೂ ಕೇಳಂಗಿಲ್ಲ ಅಲ್ವಾ ಸಾರ್?”

“ಕೊನೇ ಕಂತಿನವರೆಗೂ ಕಾಯ್ಬೇಕಾಗಿಲ್ಲಮ್ಮ” ಎಂದೆ. “ಒಳಗೆ ಕಾಲಿಟ್ಟ ದಿನದಿಂದಲೇ ಯಾರೂ ಕೇಳಂಗಿಲ್ಲ.”

ಆಕೆ ಮಸಿ ಡಬ್ಬಿಯನ್ನು ಪಕ್ಕಕ್ಕೆ ಸರಿಸಿ ಪೆನ್ನು ಕೇಳಿದರು. ಗಂಡನಿಂದ ಕಲಿತ ಅಕ್ಷರ. ಅ ಬರೆದು, ಕ್ಕ ಬರೆದು, ನಿಂತು, ಮುಂದಿನದನ್ನು ನೆನೆಸಿಕೊಂಡು ಬರೆದರು. ಹಿಂದೆ ಜನ ಕಾಯುತ್ತಿದ್ದರು. ಪತ್ರಬರಹಗಾರ ಬೇಗ ಎನ್ನಲು ಬಾಯಿ ತೆರೆದವನು ಮೇಷ್ಟ್ರ ಮುಖ ನೋಡಿ, ಹಾಳೆ ಅಲುಗದಂತೆ ಅಂಚನ್ನು ಒತ್ತಿ ಹಿಡಿದ. ಪತ್ರದ ಐದನೆಯ, ಕೊನೆಯ ಪುಟದ ಸಹಿಯನ್ನೂ ಆಕೆ ಮೊದಲ ಪುಟದಷ್ಟೇ ನಿಧಾನವಾಗಿ, ಒಂದು ಅಕ್ಷರವನ್ನೂ ಬಿಡದೆ ಹಾಕಿದರು.